ಕೈಮುಗಿದು ಮಾಡುವ ನಿಂದೆ

ನಿಂದೆ ಎಂಬ ಶಬ್ದವನ್ನು ಕೇಳಿದೊಡನೆ ನಮಗೆ ನಾಲಗೆಯ ನೆನಪಾಗುತ್ತದೆ. ಪರರನ್ನು ಹಳಿಯುವುದು, ಹೀನಾಯವಾಗಿ ಆಡುವುದು, ಇಲ್ಲದ ದೋಷವನ್ನು ಹೊರಿಸುವುದು, ಇವೆಲ್ಲವೂ ನಾಲಗೆಯ ಕೆಲಸಗಳು. ಆದುದರಿಂದ ‘ನ್ಯಾಯಾಲಯ ನಿಂದನೆ’ ಎಂಬ ಮಾತನ್ನು ವೃತ್ತಪತ್ರಿಕೆಯಲ್ಲಿ ಓದಿದ ಗೃಹಸ್ಥನು, ಯಾರೋ ಒಬ್ಬನು ನ್ಯಾಯಾಧೀಶರನ್ನು ಬೈದಿರಬೇಕೆಂದು ಭಾವಿಸುವುದು ಸಹಜವಾಗಿದೆ. ಆದರೆ ಕಾನೂನು ಈ ನಿಂದೆಯನ್ನು ಎರಡು ವಿಧವಾಗಿ ಕಂಡಿದೆ. ನ್ಯಾಯಾಲಯದ ಗೌರವಕ್ಕೆ ಕುಂದು ತರುವ, ನ್ಯಾಯದಾನಕ್ಕೆ ಅಡ್ಡಿಪಡಿಸುವ ಮಾತು ಬರಹ ಕೃತ್ಯಗಳು ಒಂದು ಬಗೆ. ನ್ಯಾಯಾಲಯದ ತೀರ್ಪನ್ನೋ ಆದೇಶವನ್ನೋ ಉದ್ದೇಶಪೂರ್ವಕವಾಗಿ ಪಾಲಿಸದೆ ಇರುವುದು, ನ್ಯಾಯಾಲಯಕ್ಕೆ ಕೊಟ್ಟ ಮಾತನ್ನು ಉದ್ದೇಶಪೂರ್ವಕವಾಗಿ ಮುರಿಯುವುದು ಇನ್ನೊಂದು ಬಗೆ. 1971ನೆಯ ಇಸವಿಯ ಅಧಿನಿಯಮವು ಮೊದಲನೆಯದನ್ನು ಕ್ರಿಮಿನಲ್ ನಿಂದನೆಯೆಂದೂ ಎರಡನೆಯದನ್ನು ಸಿವಿಲ್ ನಿಂದನೆಯೆಂದೂ ಕರೆದಿದೆ.

ಈ ಎರಡನೆಯ ಬಗೆಯಲ್ಲಿ ಒಂದು ಕೆಟ್ಟ ಮಾತೂ ಇರುವುದಿಲ್ಲ. ಅದನ್ನು ಮಾಡುವವನು ನ್ಯಾಯಪೀಠದ ಮುಂದೆ ತಲೆಬಾಗುತ್ತಾನೆ, ಕೈ ಮುಗಿಯುತ್ತಾನೆ, ಸನ್ಮಾನ್ಯರೆಂದು ಸಂಬೋಧಿಸುತ್ತಾನೆ. ಹೊರಗೆ ಬಂದು ಆದೇಶದ ಪ್ರತಿಯನ್ನು ಕಡತದೊಳಗಿಟ್ಟು ದಾರವನ್ನು ಬಿಗಿಯುತ್ತಾನೆ. ನುಡಿಯಲ್ಲಿ ವಿನಯ, ನಡೆಯಲ್ಲಿ ತಿರಸ್ಕಾರ. ನಡೆ ನುಡಿಗಳು ಒಂದಾಗಿರಬೇಕೆಂಬುದನ್ನು ಶರಣರ ಬೋಧೆಯ ತಿರುಳೆಂದು ನಂಬಿರುವ ನಮಗೆ, ಈ ಕೈಮುಗಿದು ಮಾಡುವ ನಿಂದೆಯು ಬಾಯಿ ಮಾಡುವ ನಿಂದೆಗಿಂತ ಹೆಚ್ಚು ವಿಚಾರಾರ್ಹವಾದುದು.

ಇದು ನಡೆಯುವ ರೀತಿಯನ್ನು ಒಂದು ಕಲ್ಪಿತ ದೃಷ್ಟಾಂತದಿಂದ ತಿಳಿಯೋಣ. ನಿವೃತ್ತನಾದ ಒಬ್ಬ ಉಪಾಧ್ಯಾಯನಿದ್ದಾನೆ. ಅವನ ಸೇವಾವಧಿಯ ಲೆಕ್ಕದಲ್ಲಿ ಕೆಲವು ವರ್ಷಗಳನ್ನು ಇಲಾಖೆಯು ಬಿಟ್ಟಿದೆ; ಆ ಕಾರಣದಿಂದ ಪಿಂಚಣಿಯು ಕಡಿಮೆಯಾಗಿದೆ. ಅವನು ಉಚ್ಚ ನ್ಯಾಯಾಲಯಕ್ಕೆ ಹೋದನು. ಧಾರವಾಡದ ಪೀಠವೋ ಕಲಬುರಗಿಯ ಪೀಠವೋ, ಅಲ್ಲಿ ಗೆದ್ದನು. ಮೂರು ತಿಂಗಳಲ್ಲಿ ಲೆಕ್ಕವನ್ನು ಸರಿಪಡಿಸಿ ಬಾಕಿಯನ್ನು ಪಾವತಿಮಾಡಬೇಕೆಂದು ಆದೇಶವಾಯಿತು. ಅವನು ಆದೇಶದ ದೃಢೀಕೃತ ಪ್ರತಿಯನ್ನು ಕಛೇರಿಗೆ ಕೊಟ್ಟು ಮೊಹರು ಹಾಕಿಸಿಕೊಂಡು ಬಂದನು. ಮೂರು ತಿಂಗಳು ಕಳೆದುವು. ಕೆಳಗಿನ ಗುಮಾಸ್ತನು ‘ಮೇಲಿನವರ ಆದೇಶಕ್ಕಾಗಿ’ ಎಂದು ಬರೆದನು. ಮೇಲಿನವನು ‘ಕಾನೂನು ಇಲಾಖೆಯ ಅಭಿಪ್ರಾಯಕ್ಕಾಗಿ’ ಎಂದು ಬರೆದನು. ಅಲ್ಲಿಂದ ‘ಹಣಕಾಸು ಇಲಾಖೆಯ ಸಹಮತಿ ಪಡೆಯತಕ್ಕದ್ದು’ ಎಂದು ಬಂದಿತು. ಉಪಾಧ್ಯಾಯನು ನಿಂದನಾ ಅರ್ಜಿಯನ್ನು ಹಾಕಿದನು, ನೋಟೀಸು ಹೊರಟಿತು. ಆಗ ಕಡತಕ್ಕೆ ರೆಕ್ಕೆ ಮೂಡಿದುವು! ಮುಂದಿನ ವಿಚಾರಣೆಯ ಹಿಂದಿನ ದಿನ ಆದೇಶವು ಪಾಲಿತವಾಯಿತು. ಅಧಿಕಾರಿಯು ಕ್ಷಮೆ ಕೇಳಿದನು, ಅರ್ಜಿಯು ಮುಕ್ತಾಯವಾಯಿತು.

ಇಲ್ಲಿ ಎಲ್ಲವೂ ಸುಖಾಂತವಾಯಿತೆಂದು ತೋರಬಹುದು. ಆದರೆ ಗೆದ್ದವನು ಎರಡನೆಯ ಸಲ ನ್ಯಾಯಾಲಯಕ್ಕೆ ಏಕೆ ಹೋಗಬೇಕಾಯಿತು? ಎರಡನೆಯ ವಕೀಲರ ಶುಲ್ಕವನ್ನು ಯಾರು ತೆತ್ತರು? ನಿಂದನೆಯ ವ್ಯವಹರಣೆಯನ್ನು ಒಂದು ವರ್ಷದೊಳಗೆ ಆರಂಭಿಸಬೇಕೆಂದು ಕಾನೂನಿದೆ. ಕಛೇರಿಯವರು ಇಂದು ನಾಳೆಯೆಂದು ನಂಬಿಸಿ ಆ ವರ್ಷವನ್ನು ಕಳೆಯಿಸಿಬಿಟ್ಟರೆ ಏನು ಗತಿ? ನ್ಯಾಯಾಲಯಕ್ಕೆ ಹೋಗಲು ಶಕ್ತಿಯಿಲ್ಲದೆ ಮೊದಲನೆಯ ಗೆಲುವಿನ ಕಾಗದವನ್ನೇ ಪೆಟ್ಟಿಗೆಯಲ್ಲಿಟ್ಟುಕೊಂಡು ಕುಳಿತವರ ಪಾಡೇನು? ನೋಟೀಸು ಬಂದ ಮೇಲೆ ಮಾತ್ರ ಪಾಲಿಸುವವನು ಆದೇಶಕ್ಕೆ ವಿಧೇಯನಾಗಲಿಲ್ಲ. ಸೆರೆಮನೆಯ ಭಯಕ್ಕೆ ವಿಧೇಯನಾದನು. ಭಯವು ಮುಟ್ಟದ ಕಡೆ ಅವನು ಅವಿಧೇಯನೇ ಆಗಿ ಉಳಿಯುತ್ತಾನೆ.

ಹಾಗಾದರೆ ಈ ನಿಂದೆಯಿಂದ ನೋವಾಗುವುದು ಯಾರಿಗೆ? ನ್ಯಾಯಾಧೀಶರ ಮಾನಕ್ಕೆ ಎಂದು ಹೊರನೋಟಕ್ಕೆ ಕಾಣುತ್ತದೆ. ವಿಚಾರಮಾಡಿದರೆ ಹಾಗಲ್ಲ. ನ್ಯಾಯಾಧೀಶರ ಬಳಿಯಲ್ಲಿ ಭಂಡಾರವಿಲ್ಲ, ಪೋಲೀಸು ಪಡೆಯಿಲ್ಲ. ಅವೆರಡೂ ಸರ್ಕಾರದ ಕೈಯಲ್ಲಿವೆ. ಅವರ ಬಳಿ ಇರುವುದು ಮಾತೊಂದೇ. ಸಂವಿಧಾನದ 129 ಮತ್ತು 215ನೆಯ ಅನುಚ್ಛೇದಗಳು ಸರ್ವೋಚ್ಚ ನ್ಯಾಯಾಲಯಕ್ಕೂ ಉಚ್ಚ ನ್ಯಾಯಾಲಯಗಳಿಗೂ ನಿಂದೆಯನ್ನು ಶಿಕ್ಷಿಸುವ ಅಧಿಕಾರವನ್ನು ಕೊಟ್ಟಿರುವುದು ಆ ಮಾತಿಗೆ ಬೆಲೆಯಿರಲೆಂದೇ. ಬಲಿಷ್ಠನಿಗೆ ನ್ಯಾಯಾಲಯದ ಹೊರತಾಗಿ ಬೇರೆ ದಾರಿಗಳಿವೆ, ಹಣವಿದೆ, ಪರಿಚಯವಿದೆ. ಬಡವನಿಗೆ ಇರುವುದು ಆ ಒಂದು ಕಾಗದ. ಆ ಕಾಗದವನ್ನು ನಿಷ್ಫಲಗೊಳಿಸುವವನು ನ್ಯಾಯಾಧೀಶನನ್ನು ಅವಮಾನಗೊಳಿಸುವುದಕ್ಕಿಂತ ಹೆಚ್ಚಾಗಿ ಬಡವನ ಕೊನೆಯ ಊರುಗೋಲನ್ನು ಕಸಿಯುತ್ತಾನೆ.

ಸರ್ಕಾರವು ನ್ಯಾಯಾಲಯದ ಮಾತನ್ನು ಕೃಪೆಯಿಂದ ಪಾಲಿಸುತ್ತದೆಯೋ ಕರ್ತವ್ಯದಿಂದ ಪಾಲಿಸುತ್ತದೆಯೋ ಎಂಬ ಪ್ರಶ್ನೆಯು ನಮ್ಮ ನ್ಯಾಯಪದ್ಧತಿಯ ಮೂಲದೇಶವಾದ ಇಂಗ್ಲೆಂಡಿನಲ್ಲಿಯೇ ಬಹುಕಾಲ ತೀರ್ಮಾನವಾಗದೆ ಉಳಿದಿತ್ತು. 1991ರಲ್ಲಿ ಆಫ್ರಿಕಾದ ಜೈರ್ ದೇಶದಿಂದ ಆಶ್ರಯ ಬೇಡಿ ಬಂದಿದ್ದ ಒಬ್ಬ ಶಿಕ್ಷಕನನ್ನು ಅಲ್ಲಿಯ ಗೃಹ ಇಲಾಖೆಯವರು ಪ್ಯಾರಿಸ್ ಮಾರ್ಗವಾಗಿ ವಿಮಾನದಲ್ಲಿ ಹಿಂದಕ್ಕೆ ಕಳುಹಿಸಿಬಿಟ್ಟರು. ಅವನ ಅರ್ಜಿಯ ವಿಚಾರಣೆಯು ಮುಗಿಯುವವರೆಗೆ ಕಳುಹಿಸುವುದಿಲ್ಲವೆಂದು ಸರ್ಕಾರದ ಪರವಾಗಿ ಮಾತು ದೊರಕಿದೆಯೆಂದು ನ್ಯಾಯಾಧೀಶರು ತಿಳಿದಿದ್ದರು. ವಿಷಯವು ತಿಳಿದೊಡನೆ ಅವರು ರಾತ್ರಿಯಲ್ಲಿಯೇ ಅವನನ್ನು ಹಿಂದಕ್ಕೆ ಕರೆತರಬೇಕೆಂದು ಆಜ್ಞಾಪಿಸಿದರು. ಗೃಹಮಂತ್ರಿಗಳಾದ ಕೆನೆತ್ ಬೇಕರ್ ಅವರು, ಸರ್ಕಾರದ ಮೇಲೆ ಅಂಥ ಆಜ್ಞೆಯನ್ನು ಮಾಡುವ ಅಧಿಕಾರವು ನ್ಯಾಯಾಲಯಕ್ಕಿಲ್ಲವೆಂಬ ಕಾನೂನು ಸಲಹೆಯನ್ನು ನಂಬಿ, ಕರೆತರುವ ಏರ್ಪಾಡನ್ನು ರದ್ದುಮಾಡಿದರು. 1993ರಲ್ಲಿ ಆ ದೇಶದ ಅತ್ಯುಚ್ಚ ನ್ಯಾಯಪೀಠವು, ಗೃಹಮಂತ್ರಿಯ ಪದವಿಯು ನ್ಯಾಯಾಲಯ ನಿಂದನೆಯ ದೋಷಕ್ಕೆ ಪಾತ್ರವಾಗಿದೆಯೆಂದು ತೀರ್ಮಾನಿಸಿತು. ಸೆರೆವಾಸವನ್ನು ವಿಧಿಸಲಿಲ್ಲ. ದೋಷವು ದೋಷವೆಂದು ಹೇಳಲ್ಪಟ್ಟುದೇ ಸಾಕಾಯಿತು. ಸರ್ಕಾರವು ಇಷ್ಟಬಂದರೆ ಪಾಲಿಸುವ ದಾನಿಯಲ್ಲ, ಪಾಲಿಸಲೇಬೇಕಾದ ಋಣಿ ಎಂಬುದು ಸ್ಥಿರವಾಯಿತು.

ಇನ್ನು ಅಧಿಕಾರಿಯ ಪಕ್ಷವನ್ನೂ ಕೇಳುವುದು ಧರ್ಮ. ಅವನು ಮುಖ್ಯವಾಗಿ ಎರಡು ಮಾತುಗಳನ್ನು ಹೇಳುತ್ತಾನೆ.

‘ಆದೇಶವೇ ತಪ್ಪಾಗಿದೆ, ಅದನ್ನು ಪಾಲಿಸಿದರೆ ಸರ್ಕಾರಕ್ಕೆ ನಷ್ಟ’ ಎಂಬುದು ಮೊದಲನೆಯ ಮಾತು. ಆದೇಶಗಳು ತಪ್ಪಾಗಬಾರದೆಂದೇನೂ ಇಲ್ಲ, ನ್ಯಾಯಾಧೀಶರೂ ಮನುಷ್ಯರು. ಅದಕ್ಕಾಗಿಯೇ ಮೇಲ್ಮನವಿಯ ಮೆಟ್ಟಿಲುಗಳಿವೆ. ಆದರೆ ಮೇಲ್ಮನವಿ ಹಾಕಿದ ಮಾತ್ರಕ್ಕೆ ಆದೇಶವು ನಿಂತುಹೋಗುವುದಿಲ್ಲ, ತಡೆಯಾಜ್ಞೆಯನ್ನು ಪಡೆಯಬೇಕು. ಬಿಹಾರ ಸರ್ಕಾರಕ್ಕೂ ರಾಣಿ ಸೋನಾಬತಿ ಕುಮಾರಿಯವರಿಗೂ ನಡೆದ ವ್ಯಾಜ್ಯದಲ್ಲಿ ಸರ್ವೋಚ್ಚ ನ್ಯಾಯಾಲಯವು ಈ ವಿಷಯವನ್ನು ಬಹಳ ಹಿಂದೆಯೇ ಸ್ಪಷ್ಟಪಡಿಸಿತು. ಭೂಸುಧಾರಣೆಯ ಕಾಯಿದೆಯಂತೆ ಪ್ರಕಟಣೆ ಹೊರಡಿಸಬಾರದೆಂದು ಕೆಳಗಿನ ನ್ಯಾಯಾಲಯವು ಪ್ರತಿಬಂಧಕಾಜ್ಞೆ ಕೊಟ್ಟಿದ್ದರೂ ಸರ್ಕಾರವು ಹೊರಡಿಸಿಬಿಟ್ಟಿತು. ರಾಜ್ಯಸರ್ಕಾರವೇ ಆಗಲಿ, ಆಜ್ಞೆಯು ತಪ್ಪೆಂದು ತನಗೆ ತೋರಿದರೂ, ಅದು ರದ್ದಾಗುವವರೆಗೆ ಪಾಲಿಸಲೇಬೇಕೆಂಬುದು ಆ ತೀರ್ಪಿನ ಸಾರ. ತಾನೇ ಕಕ್ಷಿಯಾಗಿ ತಾನೇ ತೀರ್ಪುಗಾರನೂ ಆಗುವುದನ್ನು ನಮ್ಮ ಹಳ್ಳಿಯ ಪಂಚಾಯತಿಯೂ ಒಪ್ಪುವುದಿಲ್ಲ.

ಎರಡನೆಯ ಮಾತು ಹೆಚ್ಚು ಸೂಕ್ಷ್ಮವಾದುದು. ‘ನಾನು ಬೇಕೆಂದು ಮಾಡಲಿಲ್ಲ. ಕಡತವು ನನ್ನ ಕೈಯಲ್ಲಿರಲಿಲ್ಲ. ಮೇಲಿನವರು ಹೇಳಲಿಲ್ಲ, ಕೆಳಗಿನವರು ಬರೆಯಲಿಲ್ಲ.’ ಕಾನೂನು ಶಿಕ್ಷಿಸುವುದು ಉದ್ದೇಶಪೂರ್ವಕವಾದ ಅವಿಧೇಯತೆಯನ್ನು ಮಾತ್ರ. ತಿಳಿಯದೆ ಆದ ತಪ್ಪು, ಆದೇಶದ ಅರ್ಥವು ಸಂದಿಗ್ಧವಾಗಿದ್ದುದರಿಂದ ಆದ ತಪ್ಪು, ನಿಜವಾಗಿಯೂ ಅಶಕ್ಯವಾದುದು, ಇವು ನಿಂದೆಯಾಗುವುದಿಲ್ಲ. ಇದು ನ್ಯಾಯವೇ ಸರಿ. ಆದರೆ ಹತ್ತು ಜನರ ಕೈ ದಾಟಿ ಹೋಗುವ ಕಡತದಲ್ಲಿ ಉದ್ದೇಶವೆಂಬುದು ಯಾರದು? ಪ್ರತಿಯೊಬ್ಬನೂ ಒಂದೊಂದು ಸಣ್ಣ ಕಾರಣವನ್ನು ಬರೆದು ತನ್ನ ಮನಸ್ಸನ್ನು ಶುದ್ಧಗೊಳಿಸಿಕೊಳ್ಳುತ್ತಾನೆ. ಒಟ್ಟು ಅನ್ಯಾಯವು ಮಾತ್ರ ಯಾರಿಗೂ ಸೇರದೆ ಅನಾಥಶಿಶುವಿನಂತೆ ಬಾಗಿಲಲ್ಲಿ ಬಿದ್ದಿರುತ್ತದೆ. ನಮ್ಮ ಕಾಲದ ಪಾಪವಿಚಾರದಲ್ಲಿ ಇದೊಂದು ದೊಡ್ಡ ಪ್ರಶ್ನೆ.

ಇದಕ್ಕೆ ಉತ್ತರವು ಹೀಗಿರಬೇಕೆಂದು ತೋರುತ್ತದೆ. ತಿಳಿಯದೆ ಸುಮ್ಮನಿರುವುದು ಅಜ್ಞಾನ. ತಿಳಿದೂ ಸುಮ್ಮನಿರುವುದು ಸಂಕಲ್ಪ. ಆದೇಶದ ಪ್ರತಿಯು ತಲುಪಿದೆ, ಅವಧಿಯು ತಿಳಿದಿದೆ, ಮಾಡಬೇಕಾದುದು ತನ್ನ ಅಧಿಕಾರದೊಳಗಿದೆ. ಇಷ್ಟಾದ ಮೇಲೆ ದಿನದಿನವೂ ಆ ಕಡತವನ್ನು ಬದಿಗೆ ಸರಿಸುವ ಕೈಯು ದಿನದಿನವೂ ಒಂದು ನಿರ್ಧಾರವನ್ನು ಮಾಡುತ್ತಿದೆ. ಮನೆಯ ಬಾವಿಯಲ್ಲಿ ಮಗು ಬಿದ್ದಿದೆಯೆಂದು ಕೇಳಿಯೂ ‘ಹಗ್ಗ ತರುವುದು ನನ್ನ ಪಾಳಿಯಲ್ಲ’ ಎಂದು ಕುಳಿತವನು, ಮಗುವನ್ನು ತಳ್ಳಿದವನು ನಾನಲ್ಲವೆಂದು ಹೇಳಿದರೆ ಲೋಕವು ಒಪ್ಪೀತೆ? ಭಾರವು ಹತ್ತು ಹೆಗಲುಗಳಲ್ಲಿ ಹಂಚಿಹೋಗುತ್ತದೆ. ಪಾಪವು ಹಾಗೆ ಹಂಚಿ ಹಗುರವಾಗುವುದಿಲ್ಲ, ಪ್ರತಿಯೊಬ್ಬನಲ್ಲಿಯೂ ಪೂರ್ಣವಾಗಿಯೇ ಇರುತ್ತದೆ.

ನಮ್ಮ ನ್ಯಾಯಾಲಯಗಳು ಕೆಲವು ಸಂದರ್ಭಗಳಲ್ಲಿ ಈ ಸತ್ಯವನ್ನು ಕಠಿಣವಾಗಿ ತೋರಿಸಿಕೊಟ್ಟಿವೆ. 1995ರಲ್ಲಿ, ಬೆಂಗಳೂರು ನಗರಪಾಲಿಕೆಯ ಒಬ್ಬ ಇಂಜಿನಿಯರರ ಬಡ್ತಿಯ ವಿಷಯದಲ್ಲಿ ಆದೇಶವನ್ನು ಪಾಲಿಸದಿದ್ದುದಕ್ಕಾಗಿ ಕರ್ನಾಟಕ ಸರ್ಕಾರದ ಕಾರ್ಯದರ್ಶಿಗಳಾಗಿದ್ದ ಹಿರಿಯ ಅಧಿಕಾರಿಯೊಬ್ಬರಿಗೆ ಸರ್ವೋಚ್ಚ ನ್ಯಾಯಾಲಯವು ಒಂದು ತಿಂಗಳ ಸಾದಾ ಸೆರೆವಾಸವನ್ನು ವಿಧಿಸಿತು. 2006ರಲ್ಲಿ, ತನ್ನ ಆದೇಶಕ್ಕೆ ವಿರುದ್ಧವಾಗಿ ಮರ ಕೊಯ್ಯುವ ಮಿಲ್ಲುಗಳಿಗೆ ಅನುಮತಿ ಕೊಟ್ಟ ಮಹಾರಾಷ್ಟ್ರದ ಅರಣ್ಯಮಂತ್ರಿಗೂ ಅರಣ್ಯ ಇಲಾಖೆಯ ಪ್ರಧಾನ ಕಾರ್ಯದರ್ಶಿಗೂ ಅದೇ ನ್ಯಾಯಾಲಯವು ಒಂದೊಂದು ತಿಂಗಳ ಸೆರೆವಾಸವನ್ನು ಕೊಟ್ಟಿತು. ಆಜ್ಞೆ ಕೊಟ್ಟವನೂ, ಆ ಆಜ್ಞೆಗೆ ಕೈಗೂಡಿಸಿದವನೂ ಇಬ್ಬರೂ ಹೊಣೆಗಾರರಾದರು.

ಇತ್ತೀಚಿನ ಒಂದು ಪ್ರಕರಣವು ಮನಸ್ಸನ್ನು ಹೆಚ್ಚು ಕಲಕುತ್ತದೆ. ಆಂಧ್ರಪ್ರದೇಶದ ಗುಂಟೂರು ಜಿಲ್ಲೆಯಲ್ಲಿ ತಹಸೀಲ್ದಾರನಾಗಿದ್ದ ಒಬ್ಬ ಅಧಿಕಾರಿಯು ಉಚ್ಚ ನ್ಯಾಯಾಲಯದ ಆದೇಶವಿದ್ದರೂ ಬಡವರ ಗುಡಿಸಲುಗಳನ್ನು ಕೀಳಿಸಿದನು. ಉಚ್ಚ ನ್ಯಾಯಾಲಯವು ಅವನಿಗೆ ಎರಡು ತಿಂಗಳ ಸೆರೆವಾಸವನ್ನು ವಿಧಿಸಿತು. ವ್ಯಾಜ್ಯವು ಸರ್ವೋಚ್ಚ ನ್ಯಾಯಾಲಯಕ್ಕೆ ಏರಿತು; ಅಷ್ಟರಲ್ಲಿ ಅವನು ಡೆಪ್ಯುಟಿ ಕಲೆಕ್ಟರನಾಗಿ ಬಡ್ತಿ ಪಡೆದಿದ್ದನು. 2025ರ ಮೇ ತಿಂಗಳಲ್ಲಿ ಆ ನ್ಯಾಯಾಲಯವು ದೋಷವನ್ನು ಎತ್ತಿಹಿಡಿದು, ಸೆರೆವಾಸದ ಬದಲಿಗೆ ಅವನನ್ನು ಮತ್ತೆ ತಹಸೀಲ್ದಾರನ ಹುದ್ದೆಗೆ ಇಳಿಸಬೇಕೆಂದೂ ಒಂದು ಲಕ್ಷ ರೂಪಾಯಿ ದಂಡವನ್ನು ತೆರಬೇಕೆಂದೂ ಆದೇಶಿಸಿತು. ಅಧಿಕಾರದಿಂದ ಮಾಡಿದ ತಪ್ಪಿಗೆ ಅಧಿಕಾರದಲ್ಲಿಯೇ ಶಿಕ್ಷೆ! ಆದರೆ ಗುಡಿಸಲು ಕಿತ್ತುದಕ್ಕೂ ಈ ತೀರ್ಪಿಗೂ ನಡುವೆ ಹನ್ನೊಂದು ವರ್ಷಗಳಿಗಿಂತ ಹೆಚ್ಚು ಕಾಲ ಉರುಳಿತು. ಸೂರು ಕಳೆದುಕೊಂಡವರ ಮಕ್ಕಳು ಅಷ್ಟರಲ್ಲಿ ದೊಡ್ಡವರಾಗಿದ್ದಾರು. ಶಿಕ್ಷೆಯು ಎಷ್ಟೇ ನ್ಯಾಯವಾದುದಾದರೂ ಪಾಲನೆಗೆ ಸಮನಾಗಲಾರದು.

ಕ್ಷಮೆಯ ವಿಷಯವನ್ನೂ ಇಲ್ಲಿ ನೆನೆಯಬೇಕು. 1971ರ ಅಧಿನಿಯಮದಂತೆ ನಿಂದೆಗೆ ಗರಿಷ್ಠ ಶಿಕ್ಷೆಯು ಆರು ತಿಂಗಳ ಸಾದಾ ಸೆರೆವಾಸ, ಎರಡು ಸಾವಿರ ರೂಪಾಯಿ ದಂಡ, ಇಲ್ಲವೆ ಎರಡೂ. ಆದರೆ ನ್ಯಾಯಾಲಯಕ್ಕೆ ತೃಪ್ತಿಯಾಗುವಂತೆ ಕ್ಷಮೆ ಬೇಡಿದವನನ್ನು ಬಿಡಬಹುದೆಂದೂ ಆ ಅಧಿನಿಯಮವು ಹೇಳುತ್ತದೆ. ಇದು ಉದಾರವಾದ ಬಾಗಿಲು. ಪಶ್ಚಾತ್ತಾಪದಿಂದ ಬಂದವನಿಗೆ ಅದು ತೆರೆದಿರಬೇಕಾದುದೇ. ಆದರೆ ಅಚ್ಚುಹಾಕಿಸಿಟ್ಟ ನಮೂನೆಯಂತೆ ಪ್ರತಿ ಪ್ರಕರಣದಲ್ಲಿಯೂ ಅದೇ ಮಾತುಗಳಲ್ಲಿ ಸಲ್ಲುವ ಕ್ಷಮಾಪಣೆಯು ಪಶ್ಚಾತ್ತಾಪವೆಂದು ಹೇಗೆ ಕರೆಯೋಣ? ಪಶ್ಚಾತ್ತಾಪಕ್ಕೆ ಒಂದೇ ಗುರುತು, ಆ ತಪ್ಪು ಮತ್ತೆ ಆಗದಿರುವುದು. ಮತ್ತು ಕ್ಷಮೆಯನ್ನು ಬೇಡಬೇಕಾದುದು ಪೀಠದ ಮೇಲೆ ಕುಳಿತವರಲ್ಲಿ ಮಾತ್ರವಲ್ಲ. ಹಿಂದಿನ ಬೆಂಚಿನಲ್ಲಿ ಚೀಲ ಹಿಡಿದು ಕುಳಿತ ಮುದುಕನಲ್ಲಿಯೂ ಕೂಡ.

ಇಷ್ಟು ಹೇಳಿದ ಮೇಲೆ ದಂಡವನ್ನು ಹಿಡಿದವರಿಗೂ ಒಂದು ಸಂಯಮವು ಬೇಕೆಂಬುದನ್ನು ಮರೆಯಲಾಗದು. ನಿಂದನೆಯ ಅಧಿಕಾರವು ಸ್ವಪ್ರತಿಷ್ಠೆಗೆ ಆಯುಧವಾದರೆ ಅದೂ ಅನ್ಯಾಯವೇ. ಉತ್ತರಪ್ರದೇಶದಲ್ಲಿ ನಿವೃತ್ತ ನ್ಯಾಯಾಧೀಶರ ಸೌಲಭ್ಯಗಳಿಗೆ ಸಂಬಂಧಿಸಿದ ಪ್ರಕರಣವೊಂದರಲ್ಲಿ ಅಲಹಾಬಾದ್ ಉಚ್ಚ ನ್ಯಾಯಾಲಯವು ಹಣಕಾಸು ಇಲಾಖೆಯ ಕಾರ್ಯದರ್ಶಿಗಳನ್ನು ಬಂಧನಕ್ಕೆ ಒಪ್ಪಿಸಿತ್ತು. ಸರ್ವೋಚ್ಚ ನ್ಯಾಯಾಲಯವು 2024ರ ಜನವರಿ 3ರಂದು ಆ ಆದೇಶಗಳನ್ನು ತಳ್ಳಿಹಾಕಿ, ಅಧಿಕಾರಿಗಳನ್ನು ಸಣ್ಣ ಕಾರಣಕ್ಕೆಲ್ಲ ಸ್ವತಃ ಹಾಜರಾಗಲು ಕರೆಯಬಾರದು, ಕರೆಯಬೇಕಾದಾಗ ಮೊದಲು ವೀಡಿಯೊ ಮೂಲಕ ಹಾಜರಾಗಲು ಅವಕಾಶ ಕೊಡಬೇಕು, ಅವರ ಉಡಿಗೆ ತೊಡಿಗೆಗಳ ಮೇಲೆ ಟೀಕೆ ಮಾಡಬಾರದು ಎಂದು ಕಾರ್ಯವಿಧಾನವನ್ನು ಗೊತ್ತುಪಡಿಸಿತು. ಕಾಯಬೇಕಾದುದು ಆದೇಶದ ಬೆಲೆಯನ್ನೇ ಹೊರತು ಪೀಠದ ಅಹಂಕಾರವನ್ನಲ್ಲ ಎಂಬ ವಿವೇಕವು ಇದರಲ್ಲಿದೆ.

ಇಲ್ಲಿ ವಿಚಾರಪರನಾದ ಓದುಗನು ಕೇಳಬಹುದು: ಆಜ್ಞೆಯನ್ನು ಮೀರುವುದು ಯಾವಾಗಲೂ ಅಧರ್ಮವೆ? ಕಲ್ಯಾಣದಲ್ಲಿ ಹರಳಯ್ಯ ಮಧುವರಸರು ಅರಸನ ಮನಸ್ಸಿಗೆ ವಿರುದ್ಧವಾಗಿ ನಡೆಯಲಿಲ್ಲವೆ? ಗಾಂಧಿಯವರೂ ಒಮ್ಮೆ ಮುಂಬಯಿ ಉಚ್ಚ ನ್ಯಾಯಾಲಯದಲ್ಲಿ ನಿಂದನೆಯ ಆರೋಪವನ್ನು ಎದುರಿಸಿದರಲ್ಲವೆ? ನಿಜ. ಸತ್ಯಾಗ್ರಹದ ಪ್ರತಿಜ್ಞೆಗೆ ಸಹಿಮಾಡಿದ ವಕೀಲರ ವಿಷಯವಾಗಿ ಅಹಮದಾಬಾದಿನ ಜಿಲ್ಲಾ ನ್ಯಾಯಾಧೀಶರು ಬರೆದ ಪತ್ರವನ್ನು ಗಾಂಧಿಯವರು 1919ರಲ್ಲಿ ತಮ್ಮ ‘ಯಂಗ್ ಇಂಡಿಯಾ’ ಪತ್ರಿಕೆಯಲ್ಲಿ ಟಿಪ್ಪಣಿಯೊಡನೆ ಪ್ರಕಟಿಸಿದ್ದರು. ಕ್ಷಮೆ ಕೇಳಲು ನಿರಾಕರಿಸಿದರು. 1920ರಲ್ಲಿ ನ್ಯಾಯಾಲಯವು ಅವರಿಗೆ ತೀವ್ರವಾದ ಎಚ್ಚರಿಕೆಯನ್ನು ಕೊಟ್ಟಿತು. ಆದರೆ ಅಂಥವರ ಅವಿಧೇಯತೆಗೂ ಕಡತದ ಹಿಂದಿನ ಅವಿಧೇಯತೆಗೂ ಎಷ್ಟು ಅಂತರ! ಅವರು ಬೆಳಕಿನಲ್ಲಿ ನಿಂತು, ಕಾರಣವನ್ನು ಹೇಳಿ, ಬಂದ ಶಿಕ್ಷೆಗೆ ತಲೆಯೊಡ್ಡಿ ನಡೆದರು. ಹರಳಯ್ಯ ಮಧುವರಸರಂತೂ ಪ್ರಾಣವನ್ನೇ ತೆತ್ತರೆಂದು ಪರಂಪರೆಯು ಹೇಳುತ್ತದೆ. ಅಧಿಕಾರಿಯಾದರೋ ಕತ್ತಲಲ್ಲಿ ಮೀರುತ್ತಾನೆ, ಸುಳ್ಳು ಕಾರಣವನ್ನು ಬರೆಯುತ್ತಾನೆ, ಶಿಕ್ಷೆಯನ್ನು ತಪ್ಪಿಸಿಕೊಳ್ಳುತ್ತಾನೆ, ಅದರ ಫಲವನ್ನು ದುರ್ಬಲನು ಉಣ್ಣುತ್ತಾನೆ. ಮೊದಲನೆಯವರು ತಮ್ಮ ಮೈಮೇಲೆ ಬೆಲೆ ತೆತ್ತರು. ಎರಡನೆಯವನು ಪರರ ಮೈಮೇಲೆ ತೆರುತ್ತಾನೆ.

ಅಧಿಕಾರಿಗಳನ್ನು ದೂರುವುದು ಸುಲಭ. ಆದೇಶವು ನಮಗೆ ಪ್ರತಿಕೂಲವಾದಾಗ ನಾವು ಏನು ಮಾಡುತ್ತೇವೆಂಬುದನ್ನೂ ನೋಡಿಕೊಳ್ಳಬೇಕಲ್ಲವೆ? ಕಾವೇರಿ ನ್ಯಾಯಾಧಿಕರಣವು 1991ರ ಜೂನ್ ತಿಂಗಳಲ್ಲಿ ತಮಿಳುನಾಡಿಗೆ ವರ್ಷಕ್ಕೆ 205 ಟಿ.ಎಂ.ಸಿ. ನೀರನ್ನು ಬಿಡಬೇಕೆಂದು ಮಧ್ಯಂತರ ಆದೇಶ ಮಾಡಿತು. ಅದನ್ನು ನಿಷ್ಫಲಗೊಳಿಸಲು ನಮ್ಮ ಸರ್ಕಾರವು ಸುಗ್ರೀವಾಜ್ಞೆಯನ್ನು ಹೊರಡಿಸಿತು, ನಾಡು ಮೆಚ್ಚಿತು. ಅದೇ ವರ್ಷದ ನವೆಂಬರಿನಲ್ಲಿ ಸರ್ವೋಚ್ಚ ನ್ಯಾಯಾಲಯವು, ರಾಜ್ಯವೊಂದು ತನ್ನ ವ್ಯಾಜ್ಯದಲ್ಲಿ ತಾನೇ ತೀರ್ಪುಗಾರನಾಗಲಾರದೆಂದು ಹೇಳಿ ಅದು ಸಂವಿಧಾನ ವಿರುದ್ಧವೆಂದು ಸಾರಿತು. ಮತ್ತೆ 2002ರಲ್ಲಿ ನೀರು ಬಿಡುವ ಆದೇಶದ ವಿಷಯದಲ್ಲಿ ನಿಂದನೆಯ ನೋಟೀಸು ಬಂದು, ಮುಖ್ಯಮಂತ್ರಿಗಳಾಗಿದ್ದ ಎಸ್. ಎಂ. ಕೃಷ್ಣ ಅವರು ಸರ್ವೋಚ್ಚ ನ್ಯಾಯಾಲಯದಲ್ಲಿ ಬೇಷರತ್ತಾದ ಕ್ಷಮೆ ಯಾಚಿಸಿದರು. ಮಂಡ್ಯದ ರೈತನ ಒಣಗಿದ ಗದ್ದೆಯ ಸಂಕಟವು ಸುಳ್ಳಲ್ಲ; ಆ ಸಂಕಟವನ್ನು ನ್ಯಾಯಾಲಯದಲ್ಲಿ ಇನ್ನೂ ಬಲವಾಗಿ ನಿವೇದಿಸುವುದು ಸರ್ಕಾರದ ಧರ್ಮವಾಗಿತ್ತು. ಆದರೆ ನಮ್ಮ ಪಕ್ಷಕ್ಕೆ ಬಂದಾಗ ಆದೇಶವು ಪವಿತ್ರ, ಎದುರುಪಕ್ಷಕ್ಕೆ ಹೋದಾಗ ಅದು ಕಾಗದ ಎಂದು ನಾವು ಹೊಗಳುತ್ತ ಬಂದರೆ, ನಾಳೆ ತಹಸೀಲ್ದಾರನು ಅದೇ ಪಾಠವನ್ನು ನಮ್ಮ ಪಹಣಿಯ ಮೇಲೆ ಪ್ರಯೋಗಿಸಿದಾಗ ಯಾರನ್ನು ದೂರೋಣ?

ಬಸವಣ್ಣನವರು ಅರಣ್ಯದಲ್ಲಿ ಕುಳಿತು ಧರ್ಮವನ್ನು ಹೇಳಿದವರಲ್ಲ. ಬಿಜ್ಜಳನ ಭಂಡಾರದ ಅಧಿಕಾರವನ್ನು ವಹಿಸಿ, ಲೆಕ್ಕಪತ್ರಗಳ ನಡುವೆ ಕುಳಿತು ಅದನ್ನು ಆಚರಿಸಿದವರು. ಅಧಿಕಾರವೂ ಒಂದು ಕಾಯಕವೆಂಬುದಕ್ಕೆ ಬೇರೆ ನಿದರ್ಶನವು ಬೇಕೆ? ಕಾಯಕವೆಂದ ಮೇಲೆ ಅದರಲ್ಲಿ ಭಯಕ್ಕಾಗಿ ಮಾಡುವುದು, ನೋಟೀಸು ಬಂದರೆ ಮಾಡುವುದು ಎಂಬುದಿಲ್ಲ. ನಮ್ಮ ಭಕ್ತಕುಟುಂಬಗಳ ಎಷ್ಟೋ ಮಕ್ಕಳು ಇಂದು ಕಂದಾಯ, ಶಿಕ್ಷಣ, ಪೋಲೀಸು, ಲೋಕೋಪಯೋಗಿ ಇಲಾಖೆಗಳಲ್ಲಿದ್ದಾರೆ. ಅವರು ಸಂಜೆ ಮನೆಗೆ ಬಂದಾಗ, ಸಂಬಳವೆಷ್ಟು, ಬಡ್ತಿಯೆಂದು ಎಂದು ಕೇಳುವ ತಾಯಿತಂದೆಗಳು ಒಂದು ಪ್ರಶ್ನೆಯನ್ನು ಸೇರಿಸಲಿ: ‘ಮಗೂ, ನ್ಯಾಯಾಲಯವು ಕೊಡು ಎಂದು ಹೇಳಿದ್ದರೂ ನಿನ್ನ ಮೇಜಿನ ಮೇಲೆ ಕೊಡದೆ ಉಳಿದ ಕಾಗದವೇನಾದರೂ ಇದೆಯೇನಪ್ಪಾ?’ ಆ ಪ್ರಶ್ನೆಗೆ ‘ಇಲ್ಲ’ ಎಂದು ನಿಸ್ಸಂಕೋಚವಾಗಿ ಹೇಳಬಲ್ಲ ಮಗನಿರುವ ಮನೆಯಲ್ಲಿ ಪ್ರಸಾದವು ನಿಜವಾಗಿಯೂ ಪ್ರಸಾದವಾಗುವುದು.